ಅವ್ವ ಕೇಳಿದ ಲೆಕ್ಕ

2019ರ ಫೆಬ್ರವರಿ 17ರ ರಾತ್ರಿ ಅವ್ವ ಊಟಕ್ಕೆ ಕೂತವಳು ಮುದ್ದೆ ಮುರಿಯದೆ ನನ್ನನ್ನು ಕೇಳಿದಳು, ‘ಆವತ್ತು ನಾನು ತಪ್ಪು ಮಾತಾಡಿದ್ನೇನ್ಲಾ?’

ಆವತ್ತು ಅಂದರೆ 1999ರ ಡಿಸೆಂಬರ್. ಗೆಜ್ಜಲಗೆರೆಯ ನಮ್ಮ ಮನೆಯಲ್ಲಿ ಆಗ ಟಿವಿ ಇರಲಿಲ್ಲ. ರಾಗಿ ಒಕ್ಕಣೆಯ ದಿನಗಳು. ಸಂಜೆ ಡೇರಿಗೆ ಹಾಲು ಹಾಕಿ ಬಂದವರೆಲ್ಲ ಪಕ್ಕದ ಮನೆಯಲ್ಲಿ ಸೇರಿ ವಾರ್ತೆ ನೋಡುತ್ತಿದ್ದೆವು. 24ರಂದು ಕಠ್ಮಂಡುವಿನಿಂದ ದೆಹಲಿಗೆ ಹೊರಟಿದ್ದ ಇಂಡಿಯನ್ ಏರ್‌ಲೈನ್ಸ್‌ನ ಐಸಿ-814 ವಿಮಾನವನ್ನು ಐದು ಜನ ಅಪಹರಿಸಿದ್ದರು. ಅಮೃತಸರದಲ್ಲಿ ಸುಮಾರು ಮುಕ್ಕಾಲು ಗಂಟೆ ನಿಂತಿದ್ದ ವಿಮಾನವನ್ನು ತಡೆಯಲು ನಮ್ಮವರಿಗೆ ಆಗಲಿಲ್ಲ. ಲಾಹೋರ್, ದುಬೈ ದಾಟಿ ಅದು ಅಫ್ಘಾನಿಸ್ತಾನದ ಕಂದಹಾರ್ ಸೇರಿತು. ಅಲ್ಲಿ ಕೂತಿದ್ದ ನಮ್ಮಲ್ಲಿ ಒಬ್ಬರೂ ವಿಮಾನ ಹತ್ತಿದವರಲ್ಲ. ಆದರೂ ದಿನಾ ಸಂಜೆ ಆ ವಿಮಾನ ನಮ್ಮ ಮನೆಯದೇ ಆಗಿಬಿಡುತ್ತಿತ್ತು.

ಸತ್ತವರು ಒಬ್ಬರು, ರೂಪಿನ್ ಕತ್ಯಾಲ್. ವಯಸ್ಸು 25. ಹೊಸದಾಗಿ ಮದುವೆಯಾಗಿ ಹೆಂಡತಿಯ ಜೊತೆ ನೇಪಾಳ ನೋಡಿಕೊಂಡು ವಾಪಸ್ಸು ಬರುತ್ತಿದ್ದವರು. ಅಪಹರಣಕಾರರು ಚಾಕುವಿನಿಂದ ಇರಿದರು. ದುಬೈನಲ್ಲಿ ಕೆಲವು ಪ್ರಯಾಣಿಕರನ್ನು ಬಿಟ್ಟಾಗ ಅವರ ಶವವನ್ನೂ ಕೆಳಗಿಳಿಸಿದರು. ಹೆಂಡತಿ ಅದೇ ವಿಮಾನದಲ್ಲಿ ಕಂದಹಾರಿಗೆ ಹೋದರು. ಗಂಡ ಇಲ್ಲವೆಂಬುದು ಆಕೆಗೆ ತಿಳಿದಿದ್ದು ದೆಹಲಿಗೆ ಮರಳಿದ ಮೇಲೆ. ಇಷ್ಟು ದೂರದ ಗೆಜ್ಜಲಗೆರೆಯಲ್ಲಿ ಕೂತ ನಮಗೆ ಗೊತ್ತಿದ್ದ ಸಾವು, ಅದೇ ವಿಮಾನದೊಳಗಿದ್ದ ಆ ಹೆಣ್ಣುಮಗಳಿಗೆ ಗೊತ್ತಿರಲಿಲ್ಲ. ಅವ್ವ ಇದನ್ನು ಬಹಳ ದಿನ ಹೇಳಿಕೊಂಡು ಓಡಾಡಿದಳು.

ಅಪಹರಣಕಾರರು ಮೊದಲು ಕೇಳಿದ್ದು 36 ಕೈದಿಗಳ ಬಿಡುಗಡೆ ಮತ್ತು 20 ಕೋಟಿ ಡಾಲರ್. ಮಾತುಕತೆಯಾಗಿ ಅದು ಮೂವರು ಕೈದಿಗಳಿಗೆ ಇಳಿಯಿತು. ದೆಹಲಿಯಲ್ಲಿ ಒತ್ತೆಯಾಳುಗಳ ಮನೆಯವರು ಬೀದಿಗಿಳಿದು ಅಳುತ್ತಿದ್ದುದನ್ನು ಟಿವಿಯಲ್ಲಿ ತೋರಿಸುತ್ತಿದ್ದರು. ‘ಬಿಡಬಾರದು, ಇವತ್ತು ಬಿಟ್ಟರೆ ನಾಳೆ ಇನ್ನೊಂದು ವಿಮಾನ’ ಎಂದು ಪಕ್ಕದ ಮನೆಯ ಯಜಮಾನರು ವಾದಿಸಿದರು. ಅವ್ವ ಸೆರಗು ಬಿಗಿದುಕೊಂಡು ಎದ್ದು ನಿಂತು, ‘ನಿಮ್ಮ ಮಗ ಅದ್ರೊಳಗೆ ಇದ್ದಿದ್ರೆ ಹಿಂಗೇ ಅಂತಿದ್ರಾ? ಬುಟ್ಬುಡ್ಲಿ, ಆ ಮಕ್ಳು ಮನೆಗೆ ಬಂದ್ರೆ ಸಾಕು’ ಅಂದಳು. ಯಾರೂ ಎದುರಾಡಲಿಲ್ಲ. ನನಗೂ ಅದೇ ಸರಿ ಅನ್ನಿಸಿತ್ತು. 31ರಂದು ಜನ ಬಿಡುಗಡೆಯಾದರು. ಅವ್ವ ದೇವರಿಗೆ ದೀಪ ಹಚ್ಚಿದಳು.

ಬಿಟ್ಟ ಮೂವರಲ್ಲಿ ಒಬ್ಬ ಮಸೂದ್ ಅಜರ್. ಮುಂದಿನ ವರ್ಷವೇ ಆತ ಜೈಷ್-ಎ-ಮೊಹಮ್ಮದ್ ಕಟ್ಟಿದ. ಇನ್ನೊಬ್ಬ ಒಮರ್ ಶೇಖ್, 2002ರಲ್ಲಿ ಅಮೆರಿಕದ ಪತ್ರಕರ್ತ ಡೇನಿಯಲ್ ಪರ್ಲ್ ಅಪಹರಣ ಪ್ರಕರಣದಲ್ಲಿ ಪಾಕಿಸ್ತಾನದಲ್ಲಿ ಬಂಧಿತನಾದ. ಇದೆಲ್ಲ ನಮಗೆ ಪೇಪರಿನ ಸುದ್ದಿಯಾಗಿತ್ತು, ಓದಿ ಮಡಚಿಡುತ್ತಿದ್ದೆವು.

2019ರ ಫೆಬ್ರವರಿ 14ರಂದು ಪುಲ್ವಾಮಾದಲ್ಲಿ ಸಿಆರ್‌ಪಿಎಫ್‌ನ 40 ಯೋಧರು ಸತ್ತರು. ಹೊಣೆ ಹೊತ್ತಿದ್ದು ಜೈಷ್. ಆ ನಲವತ್ತರಲ್ಲಿ ಒಬ್ಬರು ನಮ್ಮ ಮದ್ದೂರು ತಾಲ್ಲೂಕಿನ ಗುಡಿಗೆರೆಯ ಎಚ್. ಗುರು. 16ರಂದು ಕೆ.ಎಂ. ದೊಡ್ಡಿ ಹತ್ತಿರದ ಮೆಳ್ಳಹಳ್ಳಿಯಲ್ಲಿ ಅಂತ್ಯಕ್ರಿಯೆ. ನಾನೂ ಹೋಗಿದ್ದೆ. ಆ ಜನಸಾಗರದಲ್ಲಿ ನನಗೆ ಕಂಡಿದ್ದು ಮುಂದಿದ್ದವರ ತಲೆಗಳು ಮಾತ್ರ. ಗುರುವಿಗೂ ಮದುವೆಯಾಗಿ ಹೆಚ್ಚು ಕಾಲ ಆಗಿರಲಿಲ್ಲ ಎಂದು ಪಕ್ಕದಲ್ಲಿದ್ದವರು ಮಾತಾಡಿಕೊಳ್ಳುತ್ತಿದ್ದರು. ನನಗೆ ತಟ್ಟನೆ ಆ ವಿಮಾನ ನೆನಪಾಯಿತು.

ಮಾರನೆಯ ದಿನ ನಮ್ಮ ಜಗಲಿ ಮೇಲೆ ಕೂತು, 1999ರಲ್ಲಿ ಇನ್ನೂ ಹುಟ್ಟೇ ಇರದ ಹುಡುಗನೊಬ್ಬ ಮೊಬೈಲ್ ನೋಡುತ್ತಾ, ‘ಅವತ್ತು ಆ ಮಸೂದ್‌ನ ಬಿಡದೇ ಇದ್ದಿದ್ರೆ ಗುರು ಅಣ್ಣ ಬದುಕಿರೋರು. ಬಿಡಿ ಬಿಡಿ ಅಂತ ಬಾಯಿ ಬಡ್ಕೊಂಡೋರೇ ಇದಕ್ಕೆಲ್ಲ ಕಾರಣ’ ಅಂದ. ಬಾಗಿಲಲ್ಲಿ ಅವರೆಕಾಯಿ ಸುಲಿಯುತ್ತಿದ್ದ ಅವ್ವನ ಕೈ ನಿಂತಿತು. ರಾತ್ರಿ ಅವಳು ಕೇಳಿದ್ದು ಅದನ್ನೇ.

ಹುಡುಗನ ಲೆಕ್ಕ ಸುಲಭದ್ದು. ಆದರೆ ಪುಲ್ವಾಮಾದಲ್ಲಿ ಸ್ಫೋಟಕ ತುಂಬಿದ ವಾಹನ ನುಗ್ಗಿಸಿದವನು ಇಪ್ಪತ್ತರ ಆಸುಪಾಸಿನ ಸ್ಥಳೀಯ ಯುವಕ. ಎನ್‌ಐಎ 2020ರಲ್ಲಿ ಸಲ್ಲಿಸಿದ ಆರೋಪಪಟ್ಟಿಯಲ್ಲಿ ಮಸೂದ್ ಅಜರ್ ಸೇರಿ 19 ಹೆಸರುಗಳಿವೆ. ಕಂದಹಾರಿಗೂ ಪುಲ್ವಾಮಾಕ್ಕೂ ನಡುವೆ ಸುಮಾರು ಇಪ್ಪತ್ತು ವರ್ಷ, ಎಷ್ಟೋ ಕೈಗಳು. ಆ ಕೈಗಳನ್ನೆಲ್ಲ ಬಿಟ್ಟು, ಮಕ್ಕಳು ಮನೆಗೆ ಬರಲಿ ಎಂದು ಅತ್ತವರ ತಲೆಗೆ ಪಾಪ ಕಟ್ಟುವುದು ಯಾವ ನ್ಯಾಯ? ಹಾಗಂತ ಹುಡುಗನ ಮಾತನ್ನು ಪೂರ್ತಿ ತಳ್ಳಿಹಾಕಲೂ ನನಗೆ ಆಗಲಿಲ್ಲ. ಬಿಟ್ಟಿದ್ದಕ್ಕೆ ಬೆಲೆ ಇತ್ತು. ಅದನ್ನು ಕೊಟ್ಟವರು ಆ ವಿಮಾನದಲ್ಲಿ ಇರಲೇ ಇಲ್ಲ.

‘ನೀನು ಕೇಳಿದ್ದು ಬದುಕಿರೋರು ಮನೆಗೆ ಬರ್ಲಿ ಅಂತ. ಅದು ಹೆಂಗವ್ವಾ ತಪ್ಪಾಯ್ತದೆ?’ ಅಂದೆ.

ಅವ್ವ ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ, ‘ಸರಿ. ಇದೇ ಮಾತ್ನ ಗುಡಿಗೆರೆಗೆ ಹೋಗಿ ಆ ತಾಯಿ ಮುಂದೆ ಹೇಳೀಯಾ?’ ಅಂದಳು.

ನನ್ನಲ್ಲಿ ಉತ್ತರ ಇರಲಿಲ್ಲ. ಈಗಲೂ ಯಾರಾದರೂ ಆ ಅಪಹರಣದ ಮಾತು ತೆಗೆದು, ಸದ್ಯ ಸತ್ತಿದ್ದು ಒಬ್ಬರೇ ಅಂದರೆ, ನಾನು ಹೂಂ ಅನ್ನುವುದಿಲ್ಲ.