ಬಿದ್ದವರು ನಗಿಸಿದ ಸಂಜೆ

ನಮ್ಮ ಶಲವಡಿಯದು ಎರೆಮಣ್ಣಿನ ನೆಲ. ಮಳೆಗಾಲದಲ್ಲಿ ಕಾಲಿಟ್ಟಲ್ಲಿ ಜಾರುತ್ತದೆ. ಬಾಲ್ಯದಲ್ಲೊಮ್ಮೆ, ಜೋಳದ ಚೀಲ ಹೊತ್ತವರೊಬ್ಬರು ಜಾರಿ ಬಿದ್ದುದನ್ನು ಕಂಡು ನಾವು ಅಣ್ಣತಮ್ಮಂದಿರು ಕೈತಟ್ಟಿ ನಕ್ಕಿದ್ದೆವು. ತಂದೆಯವರು ನಮ್ಮನ್ನು ಗದರಿಸಿ, ಆ ಚೀಲಕ್ಕೆ ತಾವೇ ಹೆಗಲು ಕೊಟ್ಟರು. “ಬಿದ್ದವರನ್ನ ನೋಡಿ ನಗಬಾರ್ದು, ಎಬ್ಬಿಸಬೇಕು” ಎಂಬ ಅವರ ಮಾತು ನಮ್ಮ ಮನೆಯ ಕಟ್ಟಳೆಯಾಯಿತು.

ಕಳೆದ ವರ್ಷ ತಾಯಿಯವರು ಲಿಂಗೈಕ್ಯರಾದರು. ಅಂದಿನಿಂದ ತಂದೆಯವರು ಮಾತು ಕಡಿಮೆ ಮಾಡಿದರು, ನಗುವನ್ನಂತೂ ಮರೆತೇಬಿಟ್ಟರು. ಆರು ತಿಂಗಳ ಬಳಿಕ ಒಂದು ಸಂಜೆ ನಮ್ಮ ಮಗನು ಲಾರೆಲ್ ಮತ್ತು ಹಾರ್ಡಿಯವರ ಕಿರುಚಿತ್ರವೊಂದನ್ನು ಮೊಬೈಲಿನಲ್ಲಿ ಹಚ್ಚಿ ಅಜ್ಜನ ಮುಂದಿಟ್ಟನು. ಬೀಳುವುದೇ ಅದರಲ್ಲಿಯ ಹಾಸ್ಯವೆಂದು ಬಲ್ಲ ನಮಗೆ ಅಳುಕಾಯಿತು.

ಅದು 1932ರ ‘ದಿ ಮ್ಯೂಸಿಕ್ ಬಾಕ್ಸ್’. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ 1934ರಲ್ಲಿ ತೆರೆ ಕಾಣುವುದಕ್ಕಿಂತ ಎರಡು ವರ್ಷ ಹಿಂದಿನದು. ಹಾಸ್ಯ ಕಿರುಚಿತ್ರಕ್ಕೆ ಮೀಸಲಾದ ಆಸ್ಕರ್ ಪ್ರಶಸ್ತಿಯನ್ನು ಮೊಟ್ಟಮೊದಲು ಪಡೆದುದು ಇದೇ. ಕಥೆ ಇಷ್ಟೇ: ತೆಳ್ಳಗಿನವನೊಬ್ಬ, ದಪ್ಪನೆಯವನೊಬ್ಬ ಸೇರಿ, ಪೆಟ್ಟಿಗೆಯಲ್ಲಿಟ್ಟ ಪಿಯಾನೋವನ್ನು ಗುಡ್ಡದ ಮೇಲಿನ ಮನೆಗೆ ಮುಟ್ಟಿಸಬೇಕು. ಲಾಸ್ ಏಂಜಲೀಸಿನಲ್ಲಿ ಆ 133 ಮೆಟ್ಟಿಲುಗಳು ಇಂದಿಗೂ ಇವೆ. ಹತ್ತಿಸಿದಂತೆಲ್ಲ ಪೆಟ್ಟಿಗೆ ಕೆಳಗೆ ಜಾರುತ್ತದೆ; ಜಾರುವಾಗ ಒಳಗಿನ ತಂತಿಗಳು ಝಣಝಣ ನರಳುತ್ತವೆ. 1927ರ ‘ಹ್ಯಾಟ್ಸ್ ಆಫ್’ ಎಂಬ ಮೂಕಿಚಿತ್ರದಲ್ಲಿ ಇದೇ ಜೋಡಿ ಬಟ್ಟೆ ಒಗೆಯುವ ಯಂತ್ರವನ್ನು ಹೀಗೆಯೇ ಮೆಟ್ಟಿಲು ಹತ್ತಿಸಿತ್ತು. ಧ್ವನಿ ಬಂದ ಮೇಲೆ ಹೊರೆಗೇ ಬಾಯಿ ಬಂದಿತು. ಇಂಗ್ಲಿಷ್ ಅರಿಯದ ತಂದೆಯವರಿಗೂ ಆ ಭಾಷೆ ತಿಳಿಯಿತು.

ಅಂತೂ ಮೇಲೆ ಮುಟ್ಟಿದಾಗ ಅಂಚೆಯವನೊಬ್ಬನು, ಸುತ್ತು ಬಳಸಿ ಬಂಡಿಯ ದಾರಿಯೇ ಇದೆಯಲ್ಲ ಎನ್ನುತ್ತಾನೆ. ಆ ಪುಣ್ಯಾತ್ಮರು ಪೆಟ್ಟಿಗೆಯನ್ನು ಮತ್ತೆ ಕೆಳಗಿಳಿಸಿ ಬಂಡಿಯಲ್ಲಿ ತರುತ್ತಾರೆ! ತಂದೆಯವರ ಹೆಗಲು ಅಲುಗತೊಡಗಿತು. ಅಳುತ್ತಿರುವರೇನೋ ಎಂದು ಗಾಬರಿಯಾದೆವು. ಅವರು ನಗುತ್ತಿದ್ದರು.

“ಬಿದ್ದವರನ್ನ ನೋಡಿ ನಗಬಾರ್ದಂತ ನೀವ ಹೇಳಿದ್ರಲ್ಲ, ಅಪ್ಪಾ?” ಎಂದೆವು.

“ಇವ್ರೇನ್ ಬಿದ್ದಲ್ಲೇ ಕುಂತಾರೇನು? ಮತ್ತ ಎದ್ದು ಹೆಗಲ ಕೊಡ್ತಾರ, ನೋಡು” ಎಂದು ಅವರು ಕಣ್ಣೊರೆಸಿಕೊಂಡರು. ತುಸು ಹೊತ್ತು ಸುಮ್ಮನಿದ್ದು, “ನಿಮ್ಮವ್ವ ಇದ್ದಿದ್ರ ಭಾಳ ನಗತಿದ್ಲು” ಎಂದರು.

ಆ ಆರು ತಿಂಗಳಲ್ಲಿ ತಾಯಿಯವರ ಮಾತನ್ನು ಅವರು ತಾವಾಗಿ ಎತ್ತಿದ್ದು ಅದೇ ಮೊದಲು. ಮರುದಿನ ಸಂಜೆ ಮೊಮ್ಮಗನನ್ನು ಅವರೇ ಕೂಗಿ ಕರೆದರು.