ಎನ್.ಎ. ಆದ ಗದ್ದೆ

ಅಂಕೋಲಾ ಕಡೆ ಜಾಗದ ಮಾತು ಬಂದರೆ ಮೊದಲ ಪ್ರಶ್ನೆಯೇ ‘ಎನ್.ಎ. ಆಗಿದ್ಯಾ?’ ಅಂದರೆ, ಕೃಷಿಯೇತರ ಬಳಕೆಗೆ ಪರಿವರ್ತನೆ. ಆಗಿದ್ದರೆ ಗುಂಟೆಗೆ ಒಂದು ದರ, ಆಗದಿದ್ದರೆ ಇನ್ನೊಂದು. ಪೇಟೆಯ ಹೊರಗೆ, ಹೆದ್ದಾರಿಯಿಂದ ಕೂಗಳತೆಯಲ್ಲಿದ್ದ ಅಪ್ಪನ ಗದ್ದೆಯನ್ನು ನಾನು ಎನ್.ಎ. ಮಾಡಿಸಿದೆ. ಗುತ್ತಿಗೆದಾರರೊಬ್ಬರಿಗೆ ಜಂಟಿ ಕರಾರಿನಲ್ಲಿ ಕೊಟ್ಟು, ಬದಲಿಗೆ ಎರಡು ಫ್ಲ್ಯಾಟ್ ಪಡೆದೆ. ಗದ್ದೆ ಪಾಳು ಬಿದ್ದಿತ್ತು, ನಾಟಿಗೆ ಆಳು ಸಿಗುತ್ತಿರಲಿಲ್ಲ, ನೌಕರಿ ಹುಬ್ಬಳ್ಳಿಯಲ್ಲಿ. ಸಮರ್ಥನೆಗೇನೂ ಬರವಿರಲಿಲ್ಲ.

ಬರವಿದ್ದದ್ದು ಜಾಗಕ್ಕೆ. ಕಾರವಾರದಿಂದ ಅಂಕೋಲೆಯವರೆಗೆ ಗುಡ್ಡಕ್ಕೂ ಸಮುದ್ರಕ್ಕೂ ನಡುವೆ ಉಳಿಯುವುದು ಕಿರಿದಾದ ಪಟ್ಟಿ. ಗುಡ್ಡ ಹೆಚ್ಚಾಗಿ ಅರಣ್ಯ ಇಲಾಖೆಯದು. 1986ರಲ್ಲಿ ರಾಜೀವ್ ಗಾಂಧಿ ಅಡಿಗಲ್ಲಿಟ್ಟ ಸೀಬರ್ಡ್ ನೌಕಾನೆಲೆ ಯೋಜನೆಗೆ ಕರಾವಳಿಯ ಹದಿಮೂರು ಊರುಗಳ ನೆಲ ಹೋಯಿತು. ನಾಲ್ಕು ಸಾವಿರಕ್ಕೂ ಹೆಚ್ಚು ಕುಟುಂಬಗಳು ಎದ್ದುಬಂದು ತೋಡೂರಿನಂಥ ಪುನರ್ವಸತಿ ಕಾಲೊನಿಗಳಲ್ಲಿ ನೆಲೆ ನಿಂತವು. ಆಮೇಲೆ ರೈಲು, ಚತುಷ್ಪಥ, ವೈದ್ಯಕೀಯ ಕಾಲೇಜು, ನೌಕಾನೆಲೆಯ ಎರಡನೇ ಹಂತ. ಬಂದ ಎಂಜಿನಿಯರು, ಡಾಕ್ಟರು, ಗುತ್ತಿಗೆ ಕಂಪನಿಯವರಿಗೆಲ್ಲ ಬಾಡಿಗೆ ಮನೆ ಬೇಕು. ಕಾರವಾರದ ಕಾಜುಬಾಗ, ಹಬ್ಬುವಾಡ ತುಂಬಿದ ಮೇಲೆ ಅಪಾರ್ಟ್‌ಮೆಂಟಿಗೆ ಉಳಿದದ್ದು ಗದ್ದೆಯೇ.

‘ಎಂಟೇ ಮನೆ ಕಟ್ಟೋಣ ಸಾರ್, ರೇರಾ ಗೋಜು ಬೇಡ’ ಎಂದಿದ್ದರು ಗುತ್ತಿಗೆದಾರರು. 2016ರ ರಿಯಲ್ ಎಸ್ಟೇಟ್ ಕಾಯ್ದೆಯ ಪ್ರಕಾರ ಮನೆಗಳು ಎಂಟನ್ನು ಮೀರದಿದ್ದರೆ ರೇರಾ ನೋಂದಣಿ ಕಡ್ಡಾಯವಲ್ಲ. ಹೊರಗಿನವರು ಯಾರೂ ಬಂದು ನಕ್ಷೆ ಕೇಳುವುದಿಲ್ಲವೆಂಬುದು ಆಗ ನನಗೆ ಅನುಕೂಲವಾಗಿಯೇ ಕಂಡಿತ್ತು.

ಭೂ ಕಂದಾಯ ಕಾಯ್ದೆಯ 95ನೇ ಕಲಮಿನ ಆದೇಶ ಈಗಲೂ ನನ್ನ ಕಪಾಟಿನಲ್ಲಿದೆ. 11-ಇ ನಕ್ಷೆ, ಚಕ್ಕುಬಂದಿ, ಶುಲ್ಕದ ರಸೀದಿ ಎಲ್ಲ ಸರಿ. ಪೂರ್ವಕ್ಕೆ ಯಾವ ಸರ್ವೆ ನಂಬರು, ಪಶ್ಚಿಮಕ್ಕೆ ಯಾವುದು ಎಂದು ಬರೆದಿದೆ. ಪೂರ್ವದ ನಂಬರಿನಿಂದ ಪಶ್ಚಿಮದ ನಂಬರಿಗೆ ಆಷಾಢದಲ್ಲಿ ಏನು ಹರಿದುಹೋಗುತ್ತದೆ ಎಂಬುದಕ್ಕೆ ಅದರಲ್ಲಿ ಕಲಂ ಇಲ್ಲ. ನೀರಿನ ಬಗ್ಗೆ ನಾವು ವಿಚಾರಿಸಿದ್ದು ಒಂದೇ, ಕರಾವಳಿ ನಿಯಂತ್ರಣ ವಲಯದ ನಿಯಮ, ಅಂದರೆ ಸಿಆರ್‌ಝಡ್. ಉಬ್ಬರವಿಳಿತದ ಹೊಳೆ, ಕೋಡಿಗಳ ದಂಡೆಯಲ್ಲಿ ನಿರ್ಬಂಧದ ಅಂತರ 2011ರ ಅಧಿಸೂಚನೆಯಲ್ಲಿ 100 ಮೀಟರ್ ಇದ್ದದ್ದು 2019ರದ್ದರಲ್ಲಿ 50ಕ್ಕೆ ಇಳಿಯಿತು. ನಮ್ಮ ಗದ್ದೆ ಅದರಿಂದಾಚೆ ಇತ್ತು, ನಿಶ್ಚಿಂತನಾದೆ. ಆ ನಿಯಮ ನೋಡುವುದು ಭರತದಲ್ಲಿ ಏರಿಬರುವ ನೀರನ್ನು. ಗುಡ್ಡದಿಂದ ಇಳಿಯುವ ನೀರನ್ನು ನಾನಾದರೂ ನೋಡಬೇಕಿತ್ತು.

ಏಕೆಂದರೆ ನಮ್ಮದು ಸಾಲಿನ ಕೊನೆಯ ಗದ್ದೆ. ಮೇಲಿನ ಬೇಣದ ನೀರು ಗದ್ದೆಯಿಂದ ಗದ್ದೆಗೆ ಅಂಚಿನ ಕಂಡಿಯಲ್ಲಿ ಇಳಿದು, ನಮ್ಮಲ್ಲಿ ನಿಂತು, ಸಾವಕಾಶ ಹಳ್ಳ ಸೇರುತ್ತಿತ್ತು. ಪಕ್ಕದ ಮನೆಯ ಚಿಕ್ಕಮ್ಮ ಹೇಳಿದ್ದಳು: ‘ಕೊಡೂದಾದ್ರೆ ಕೊಡು ತಮ್ಮಾ, ಆದ್ರೆ ಒಂದು ಮಳೆಗಾಲ ಇಲ್ಲೇ ಕೂತು ನೀರು ನೋಡ್ಕಂಡು ಕೊಡು.’ ಅವಳಿಗೂ ಪಾಲಿನ ಆಸೆಯೇನೋ ಎಂದು ನಾನು ಅನುಮಾನಿಸಿದೆ. ಬರೆಯಲು ನಾಚಿಕೆಯಾಗುತ್ತದೆ, ಆದರೆ ಅನುಮಾನಿಸಿದ್ದು ನಿಜ.

ಟಿಪ್ಪರುಗಳು ಕೆಂಪು ಮಣ್ಣು ಸುರಿದು ಗದ್ದೆಯನ್ನು ರಸ್ತೆಯ ಮಟ್ಟಕ್ಕೆ ಏರಿಸಿದವು. ಮಣ್ಣು ಎಲ್ಲಿಂದ ಬಂತೆಂದು ನಾನು ಕೇಳಲಿಲ್ಲ. ಯಾವುದೋ ಗುಡ್ಡದ ಬುಡದಿಂದಲೇ ಬಂದಿರಬೇಕು, ನಮ್ಮ ಕಡೆ ಬೇರೆಲ್ಲಿಂದ ಬರುತ್ತದೆ? 2009ರ ಅಕ್ಟೋಬರಿನಲ್ಲಿ ಕಡವಾಡದ ಝರಿವಾಡದಲ್ಲಿ ಗುಡ್ಡ ಕುಸಿದು 19 ಜನ ಸತ್ತದ್ದು ಗೊತ್ತಿದ್ದ ಜಿಲ್ಲೆ ನಮ್ಮದು. 2024ರ ಜುಲೈ 16ರಂದು ಶಿರೂರಿನಲ್ಲಿ ಗುಡ್ಡ ಹೆದ್ದಾರಿಗಿಳಿದು, ಚಹಾದಂಗಡಿಯನ್ನೂ ಲಾರಿಯನ್ನೂ ಗಂಗಾವಳಿ ನದಿಗೆ ತಳ್ಳಿದಾಗ ಎಲ್ಲರ ಜೊತೆ ನಾನೂ ಹೆದ್ದಾರಿಯವರನ್ನು ಬೈದೆ. ನನ್ನ ಎರಡು ಫ್ಲ್ಯಾಟಿನ ಕೆಳಗಿರುವ ಮಣ್ಣು ಅಷ್ಟು ಹೊತ್ತಿಗೆ ಗಟ್ಟಿಯಾಗಿ ಕೂತಿತ್ತು.

ಕಟ್ಟಡ ಎದ್ದ ಮೊದಲ ಮಳೆಗಾಲದಲ್ಲೇ ನೀರು ನಮ್ಮ ಚಿರೇಕಲ್ಲಿನ ಕಂಪೌಂಡಿಗೆ ಬಡಿದು ಚಿಕ್ಕಮ್ಮನ ಅಂಗಳಕ್ಕೆ ತಿರುಗಿತು. ಅಂಗಳದ ನೀರನ್ನು ಅವಳು ಸಹಿಸಿಕೊಂಡಳು. ಬಾವಿ ಕೆಟ್ಟದ್ದನ್ನು ಸಹಿಸಲಾಗಲಿಲ್ಲ. ಒಳಚರಂಡಿಯಿಲ್ಲದ ಕಡೆ ಎಂಟು ಮನೆಯ ಪಾಯಿಖಾನೆಗೆ ಒಂದು ಸೆಪ್ಟಿಕ್ ಟ್ಯಾಂಕು, ಒಂದು ಇಂಗುಗುಂಡಿ. ಕರಾವಳಿಯ ಮಳೆಗಾಲದಲ್ಲಿ ಅಂತರ್ಜಲವೇ ಮೊಳಕೈ ಅದ್ದುವಷ್ಟು ಮೇಲಿರುತ್ತದೆ, ಇಂಗುವುದು ಎಲ್ಲಿಗೆ? ಕೊಡಪಾನದಲ್ಲಿ ನೀರು ಸೇದಿ ನನ್ನ ಮೂಗಿನ ಹತ್ತಿರ ಹಿಡಿದಳು. ಮೂರು ತಲೆಮಾರು ಕುಡಿದ ಬಾವಿ ಅದು. ಈಗ ಅವಳ ಮನೆಗೆ ಕುಡಿಯುವ ನೀರಿನ ಕ್ಯಾನ್ ಬರುತ್ತದೆ, ದುಡ್ಡು ನಾನು ಕೊಡುತ್ತೇನೆ. ಅದರಿಂದ ಮಾತು ಹಿಂದಿನಂತೇನೂ ಆಗಿಲ್ಲ.

ಪಾರ್ಕಿಂಗ್ ಒಡೆದು ಅಡಿಯಲ್ಲಿ ದೊಡ್ಡ ಪೈಪು ಹಾಯಿಸಿ ಹಳ್ಳಕ್ಕೆ ಬಿಡಬೇಕು, ಇಂಗುಗುಂಡಿಯನ್ನು ಬಾವಿಯಿಂದ ದೂರ ಸರಿಸಬೇಕು ಎಂದು ನಿವಾಸಿಗಳ ಸಭೆಯಲ್ಲಿ ಹೇಳಿದೆ. ಖರ್ಚನ್ನು ಎಂಟು ಮನೆಯವರೂ ಹಂಚಿಕೊಳ್ಳೋಣ ಎಂದೆ. ಸಾಲ ಮಾಡಿ ಕೊಂಡ ಆರು ಮನೆಯವರು ಒಪ್ಪಲಿಲ್ಲ. ಗದ್ದೆಯ ಗುಣ ಗೊತ್ತಿದ್ದವರು ನೀವು, ನೀವೂ ಕಟ್ಟಿದವರೂ ನೋಡಿಕೊಳ್ಳಿ ಎಂದರು. ಅವರು ಹೇಳಿದ್ದರಲ್ಲಿ ತಪ್ಪಿಲ್ಲ. ಒಂದು ಫ್ಲ್ಯಾಟನ್ನು ಮಾರಾಟಕ್ಕೆ ಇಟ್ಟಿದ್ದೇನೆ. ನೋಡಲು ಬಂದವರಿಗೆಲ್ಲ ಮಳೆಗಾಲದಲ್ಲಿ ಇನ್ನೊಮ್ಮೆ ಬನ್ನಿ ಎನ್ನುತ್ತೇನೆ, ಆದ್ದರಿಂದ ಇನ್ನೂ ಮಾರಿಲ್ಲ. ಅತ್ತ 2020ರಲ್ಲಿ ಭೂ ಸುಧಾರಣಾ ಕಾಯ್ದೆಯ 79-ಎ, 79-ಬಿ ಕಲಮುಗಳು ರದ್ದಾಗಿ ಕೃಷಿಕರಲ್ಲದವರೂ ಗದ್ದೆ ಕೊಳ್ಳಬಹುದಾದ ಮೇಲೆ, ಮೇಲಿನ ಗದ್ದೆಯವರಿಗೆ ಬೆಂಗಳೂರಿನಿಂದ ಫೋನು ಬರುತ್ತಿದೆ. ಎನ್.ಎ. ಮಾಡಿಸುವುದು ಹೇಗೆಂದು ಅವರು ಕೇಳುತ್ತಿರುವುದು ನನ್ನನ್ನೇ.