ಕೆಂಚ ಗುರ್ರೆಂದ ದಿನ

ತುರುವೇಕೆರೆ ಕಡೆಯ ನಮ್ಮ ತೋಟದ ಮನೆಯಲ್ಲಿ ಅಪ್ಪ ಅಟ್ಟ ಹತ್ತಿ, ತೆಂಗಿನಕಾಯಿಯನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸುತ್ತಾನೆ. ಹತ್ತು ಹನ್ನೊಂದು ತಿಂಗಳು ಒಣಗಿದ ಕಾಯಿಯಲ್ಲಿ ಕೊಬ್ಬರಿ ಚಿಪ್ಪು ಬಿಟ್ಟು ಸದ್ದು ಮಾಡಿದರೆ ಅದು ತಿಪಟೂರು ಮಾರುಕಟ್ಟೆಗೆ ತಯಾರು. ಒಡೆಯದೆಯೇ ಕಾಯಿಯ ಒಳಗನ್ನು ತಿಳಿಯುವ ಅಪ್ಪನಿಗೆ ಅವತ್ತು ಮನೆಯ ನಾಯಿ ತಿಳಿಯಲಿಲ್ಲ. ನನಗೂ ತಿಳಿಯಲಿಲ್ಲ.

ಅವತ್ತು ಸೆಪ್ಟೆಂಬರ್ 28, ವಿಶ್ವ ರೇಬೀಸ್ ದಿನ. 1895ರಲ್ಲಿ ಲೂಯಿ ಪಾಶ್ಚರ್ ತೀರಿಕೊಂಡ ದಿನವೂ ಅದೇ. ರಜೆಗೆ ಊರಿಗೆ ಬಂದಿದ್ದ ನಾನು ಕೆಂಚನನ್ನು ದನದ ಆಸ್ಪತ್ರೆಗೆ ಕರೆದೊಯ್ದು ಲಸಿಕೆ ಹಾಕಿಸಿದೆ. ಸಂಜೆ ಗೇಟಿನ ಸದ್ದಾದರೂ ಅವನು ಏಳಲಿಲ್ಲ. ಮುದ್ದೆ ಮೂಸಿ ಬಿಟ್ಟ. ಮೂಲೆಯಲ್ಲಿ ಮುದುರಿಕೊಂಡು, ಹತ್ತಿರ ಹೋದರೆ ಮುಖ ತಿರುಗಿಸುತ್ತಿದ್ದ. ಅಜ್ಜಿ ಹೆಗಲು ಸವರಿದಾಗ ಗುರ್ರೆಂದ. ಎಂಟು ವರ್ಷದಲ್ಲಿ ಅಜ್ಜಿಗೆ ಗುರ್ರೆಂದದ್ದು ಅದೇ ಮೊದಲು. ಅಪ್ಪ ಕೋಲಿನಿಂದ ಒಂದು ಬಾರಿಸಿದ. ನಾನು ತಡೆಯಲಿಲ್ಲ.

"ಚೆನ್ನಾಗಿದ್ದ ನಾಯಿಗೆ ಸೂಜಿ ಚುಚ್ಸಿ ಕೆಡಿಸ್ದೆ ಕಣವ್ವ," ಅಂದಳು ಅಜ್ಜಿ.

ಗಾಬರಿಯಿಂದ ವೈದ್ಯರಿಗೆ ಫೋನ್ ಮಾಡಿದೆ. ಮುಖ ಊದಿದೆಯಾ, ಮೈಮೇಲೆ ದದ್ದು ಎದ್ದಿದೆಯಾ, ಪದೇ ಪದೇ ವಾಂತಿ ಆಗುತ್ತಿದೆಯಾ, ಉಸಿರಾಡಲು ಕಷ್ಟಪಡುತ್ತಿದೆಯಾ ಎಂದು ಕೇಳಿದರು. ಯಾವುದೂ ಇರಲಿಲ್ಲ. ಅಂಥ ಅಲರ್ಜಿ ಅಪರೂಪ, ಬಂದರೆ ಹೆಚ್ಚಾಗಿ ಕೆಲವೇ ನಿಮಿಷ ಅಥವಾ ಗಂಟೆಗಳಲ್ಲಿ ಬರುತ್ತದೆ, ಆಗ ತಡಮಾಡದೆ ಕರೆತರಬೇಕು ಎಂದರು. ಮಂಕು, ಸಣ್ಣ ಜ್ವರ, ಚುಚ್ಚಿದ ಜಾಗದ ನೋವು ಒಂದೆರಡು ದಿನದಲ್ಲಿ ಹೋಗುತ್ತವಂತೆ. "ನೀರಿಟ್ಟು ಸುಮ್ಮನೆ ಮಲಗೋಕೆ ಬಿಡಿ. ನೀವು ನುಂಗೋ ನೋವಿನ ಮಾತ್ರೆ ಮಾತ್ರ ಕೊಡಬೇಡಿ, ನಾಯಿಗೆ ವಿಷವಾಗಬಹುದು."

ಅಜ್ಜಿ ಮುಟ್ಟಿದ ಹೆಗಲೇ ಸೂಜಿ ಹಾಕಿದ ಜಾಗ ಎಂದು ಹೊಳೆದದ್ದು ಆಗ. ಅವನು 'ನೋಯುತ್ತೆ' ಅಂದಿದ್ದ. ನಾವು ಅದಕ್ಕೆ ಏಟು ಕೊಟ್ಟಿದ್ದೆವು.

ಪಕ್ಕದ ತೋಟದವರು ನಾಯಿ ಹೀಗೇ ಮಂಕಾಯಿತೆಂದು ಮರುವರ್ಷದಿಂದ ಲಸಿಕೆಯನ್ನೇ ನಿಲ್ಲಿಸಿದ್ದಾರೆ. ರೇಬೀಸಿನ ಲಕ್ಷಣ ಕಾಣಿಸಿಕೊಂಡ ಮೇಲೆ ನಾಯಿಯಾಗಲಿ ಮನುಷ್ಯರಾಗಲಿ ಬದುಕುವುದು ಇಲ್ಲವೆನ್ನುವಷ್ಟು ಕಡಿಮೆ. ಎರಡು ದಿನದ ನೋವನ್ನು ಗುರುತಿಸಲು ಬಾರದೆ ಅಷ್ಟು ದೊಡ್ಡ ಅಪಾಯವನ್ನು ಮನೆಯೊಳಗೆ ಬಿಟ್ಟುಕೊಳ್ಳುತ್ತೇವೆ.

ಮೂರನೆಯ ದಿನ ಕೆಂಚ ಗೇಟಿಗೆ ಓಡಿಬಂದ. ಮರುವರ್ಷ ನಾನು ಊರಿನಲ್ಲಿರಲಿಲ್ಲ. ಅಪ್ಪನೇ ಲಸಿಕೆ ಹಾಕಿಸಿಕೊಂಡು ಬಂದು, ಅಟ್ಟದ ಏಣಿಯ ಕೆಳಗೆ ಗೋಣಿಚೀಲ ಹಾಸಿ, "ಇವತ್ತು ಯಾರೂ ಅವನ್ನ ಮುಟ್ಬೇಡಿ" ಅಂದನಂತೆ.